ಡಿಕ್ಕಿ ತೆರೀತಿಲ್ವಾ? ಮೊದ್ಲು ಆ ಸ್ಕ್ರೂಡ್ರೈವರ್ ಕೆಳಗಿಡಿ

ಕೇಳುಗರಿಗೆಲ್ಲಾ ನಮಸ್ಕಾರ. ಇವತ್ತು ನನಗೆ ಕೊಟ್ಟಿರೋ ವಿಷಯ ಕಾರಿನ ಡಿಕ್ಕಿ. ರಿಮೋಟ್ ಒತ್ತಿದ್ರೆ ಸದ್ದಿಲ್ಲ, ಕೀ ಹಾಕಿದ್ರೆ ತಿರುಗಲ್ಲ, ಸೀಟಿನ ಪಕ್ಕದ ಲಿವರ್ ಎಳೆದ್ರೂ ಏನೂ ಆಗಲ್ಲ, ಒಳಗೆ ಸಾಮಾನೆಲ್ಲಾ ಸಿಕ್ಕಾಕ್ಕೊಂಡಿದೆ, ಏನ್ ಮಾಡೋದು ಅಂತ. ನಾನು ಈ ಕೆಲಸದಲ್ಲೇ ಕೂದಲು ಬೆಳ್ಳಗೆ ಮಾಡ್ಕೊಂಡೋನು, ಹೇಳೋಕೆ ಕೂತ್ರೆ ಮುಗಿಯಲ್ಲ, ಅದಕ್ಕೇ ಮುಖ್ಯವಾದ ಮಾತು ಮೊದಲೇ ಹೇಳಿಬಿಡ್ತೀನಿ, ಆಮೇಲೆ ನೀವು ಎದ್ದು ಹೋದ್ರೂ ನನಗೇನೂ ಬೇಜಾರಿಲ್ಲ. ಮೀಟಬೇಡಿ. ಅಷ್ಟೇ. ಸ್ಕ್ರೂಡ್ರೈವರ್ ಹಾಕಿ ಮೀಟಬೇಡಿ, ಹಾರೆ ಹಾಕಿ ಮೀಟಬೇಡಿ, ಪಕ್ಕದ ಮನೆಯವ್ರು ಬಂದು ನಾನು ನೋಡ್ತೀನಿ ಬಿಡಿ ಅಂದ್ರೂ ಮೀಟೋಕೆ ಬಿಡಬೇಡಿ.

ಯಾಕೆ ಅಂತ ಕೇಳ್ತೀರಾ, ಹೇಳ್ತೀನಿ. ಡಿಕ್ಕಿ ಮುಚ್ಚಳದ ಮಧ್ಯದಲ್ಲಿ ಒಂದು ಲ್ಯಾಚ್ ಇರುತ್ತೆ, ಕೆಳಗಡೆ ಕಾರಿನ ಬಾಡಿ ಮೇಲೆ ಕೂರಿಸಿದ, ಬಗ್ಗಿಸಿದ ದಪ್ಪ ಕಂಬಿ ಒಂದು ಇರುತ್ತೆ. ಲ್ಯಾಚ್ ಒಳಗಿನ ಕೊಕ್ಕೆ ಬಂದು ಆ ಕಂಬಿಯನ್ನ ಕಚ್ಕೊಳ್ಳುತ್ತೆ, ಕೊಕ್ಕೆ ವಾಪಸ್ ತಿರುಗದ ಹಾಗೆ ಹಿಂದೆ ಇನ್ನೊಂದು ಚಿಕ್ಕ ತುಂಡು ಅಡ್ಡ ನಿಲ್ಲುತ್ತೆ. ನೀವು ರಿಮೋಟ್ ಒತ್ತಿ, ಕೀ ತಿರುಗಿಸಿ, ಲಿವರ್ ಎಳೀರಿ, ಏನೇ ಮಾಡಿದ್ರೂ ಕೊನೆಗೆ ಆಗೋ ಕೆಲಸ ಒಂದೇ, ಆ ಚಿಕ್ಕ ತುಂಡು ಪಕ್ಕಕ್ಕೆ ಸರಿಯೋದು. ಅದು ಸರಿದ್ರೆ ಡಿಕ್ಕಿ ತೆರೆಯುತ್ತೆ, ಸರಿಯದಿದ್ರೆ ಇಲ್ಲ. ಈಗ ನೀವು ಹೊರಗಿಂದ ಮೀಟಿದ್ರಿ ಅನ್ಕೊಳ್ಳಿ, ಕೊಕ್ಕೆ ಇನ್ನೂ ಜೋರಾಗಿ ಆ ತುಂಡಿನ ಮೇಲೆ ಒತ್ತಿಕೊಳ್ಳುತ್ತೆ, ಇನ್ನೂ ಬಿಗಿಯಾಗುತ್ತೆ. ಹಿಂದಿಂದ ಯಾರಾದ್ರೂ ಬಂದು ಗುದ್ದಿದ್ರೂ ಬಾಯಿ ಬಿಡಬಾರದು ಅಂತಲೇ ಅದನ್ನ ಮಾಡಿರೋದು, ನಿಮ್ಮ ಸ್ಕ್ರೂಡ್ರೈವರ್‌ಗೆ ಹೆದರುತ್ತಾ? ಹೆದರೋದು ಮುಚ್ಚಳದ ಅಂಚಿನ ತಗಡು. ಅದು ಮಡಚಿಕೊಳ್ಳುತ್ತೆ, ಪೇಂಟ್ ಏಳುತ್ತೆ, ರಬ್ಬರ್ ಹರಿಯುತ್ತೆ, ಮಳೆಗಾಲದಲ್ಲಿ ಒಳಗೆ ನೀರು, ಆಮೇಲೆ ತುಕ್ಕು. ಡಿಕ್ಕಿ ಮಾತ್ರ ತೆರೆದಿರಲ್ಲ.

ಸರಿ, ಹಾಗಾದ್ರೆ ಏನ್ ಮಾಡ್ಬೇಕು. ಮೊದಲು ರಿಮೋಟ್ ತಪ್ಪಾ ಡಿಕ್ಕಿ ತಪ್ಪಾ ನೋಡ್ಕೊಳ್ಳಿ. ಅದೇ ರಿಮೋಟಲ್ಲಿ ಬಾಗಿಲು ಲಾಕ್ ಆಗ್ತಿದೆ, ಅನ್‌ಲಾಕ್ ಆಗ್ತಿದೆ ಅಂದ್ರೆ ರಿಮೋಟ್ ಬಹುತೇಕ ಚೆನ್ನಾಗೇ ಇದೆ, ತಪ್ಪು ಬೇರೆ ಕಡೆ. ಆದ್ರೆ ಒಂದು, ಎಷ್ಟೋ ಕಾರಲ್ಲಿ ಡಿಕ್ಕಿ ಬಟನ್‌ನ ಸುಮ್ಮನೆ ಒಂದ್ಸಲ ಒತ್ತಿಬಿಟ್ರೆ ಆಗಲ್ಲ, ಒತ್ತಿ ಹಿಡ್ಕೋಬೇಕು, ಜೇಬಲ್ಲಿ ಅಕಸ್ಮಾತ್ ಒತ್ತಿಹೋಗಿ ತೆರೀಬಾರದು ಅಂತ. ಇದು ಗೊತ್ತಿಲ್ದೇ ಬಂದು ಲಾಕ್ ಹಾಳಾಗಿದೆ ಅನ್ನೋರು ಎಷ್ಟು ಜನ ಅಂತೀರಿ. ಇನ್ನು ಬಾಗಿಲೂ ಅಲ್ಲಾಡಲ್ಲ, ಆದ್ರೆ ಮನೇಲಿರೋ ಎರಡನೇ ರಿಮೋಟಲ್ಲಿ ಎಲ್ಲಾ ಆಗುತ್ತೆ ಅಂದ್ರೆ ಆಗ ಸೆಲ್ ನೋಡಿ. ಒಳಗೆ ನಾಣ್ಯದ ಥರ ಚಪ್ಪಟೆ ಸೆಲ್ ಇರುತ್ತೆ, 3 ವೋಲ್ಟಿಂದು, ಸಿಆರ್ 2032 ಅಂತಲೋ ಸಿಆರ್ 1620 ಅಂತಲೋ ಅದರ ಮೇಲೇ ಬರೆದಿರುತ್ತೆ, ಅದೇ ನಂಬರಿಂದು ತಂದು ಪ್ಲಸ್ ಗುರುತು ಮೊದಲು ಯಾವ ಕಡೆ ಇತ್ತೋ ಅದೇ ಕಡೆಗೆ ಹಾಕಿ. ಹಳೇ ಸೆಲ್ ಮಕ್ಕಳ ಕೈಗೆ ಸಿಗೋ ಹಾಗೆ ಬಿಡಬೇಡಿ, ನುಂಗಿದ್ರೆ ಗಂಟಲು ಸುಟ್ಟುಬಿಡುತ್ತೆ, ಖಾಲಿಯಾದ ಸೆಲ್ಲೂ ಅಪಾಯಾನೇ.

ಸೆಲ್ ಸಿಗಲ್ಲ ಅರ್ಧ ರಾತ್ರಿ ಆಗಿದೆ ಅಂತೀರಾ, ಅದಕ್ಕೂ ದಾರಿ ಇದೆ. ಬಹಳಷ್ಟು ರಿಮೋಟ್ ಒಳಗೇ ಒಂದು ಲೋಹದ ಕೀ ಬಚ್ಚಿಟ್ಟಿರ್ತಾರೆ. ಪಕ್ಕದಲ್ಲೋ ಹಿಂದೆಯೋ ಚಿಕ್ಕ ಗುಂಡಿ ಇರುತ್ತೆ, ಅದನ್ನ ಸರಿಸಿ ಎಳೆದ್ರೆ ಕೀ ಹೊರಗೆ ಬರುತ್ತೆ. ಕಂಕುಳಲ್ಲಿ ಕೂಸು ಇಟ್ಕೊಂಡು ಊರೆಲ್ಲಾ ಹುಡುಕಿದ ಹಾಗೆ ಜನ ಕೀ ಕೈಯಲ್ಲೇ ಇಟ್ಕೊಂಡು ಕೀ ಮಾಡೋರ್ನ ಹುಡುಕ್ತಾರೆ. ಆ ಕೀ ಹಾಕೋ ತೂತು ಎಲ್ಲಿ ಅಂತ ಹಿಡಿಕೆ ಪಕ್ಕ ನೋಡಿ, ನಂಬರ್ ಪ್ಲೇಟ್ ಮೇಲಿನ ಪಟ್ಟಿ ಹತ್ರ ನೋಡಿ, ಕೆಲವು ಕಾರಲ್ಲಿ ಕಂಪನಿ ಲೋಗೋ ಹಿಂದೆ ಅಡಗಿಸಿರ್ತಾರೆ. ಡಿಕ್ಕಿಗೆ ತೂತೇ ಇಲ್ದಿದ್ರೆ ಡ್ರೈವರ್ ಬಾಗಿಲು ಆ ಕೀಯಲ್ಲಿ ತೆಗೆದು ಒಳಗೆ ಹೋಗಿ. ವರ್ಷಗಟ್ಟಲೆ ಕೀ ಹಾಕದೇ ಇದ್ದ ತೂತಾದ್ರೆ ಬಿಗಿಯಾಗಿರುತ್ತೆ, ಗ್ರಾಫೈಟ್ ಪುಡಿ ಸ್ವಲ್ಪ ಬಿಟ್ಟು ನಿಧಾನಕ್ಕೆ ಹಿಂದೆ ಮುಂದೆ ಆಡಿಸಿ. ಎಣ್ಣೆ ಸುರೀಬೇಡಿ, ಧೂಳು ಕಚ್ಕೊಂಡು ಇನ್ನೂ ಗಟ್ಟಿಯಾಗುತ್ತೆ. ಬಲ ಹಾಕಿ ತಿರುಗಿಸಿದ್ರೆ ಕೀ ಅರ್ಧ ಮುರಿದು ಒಳಗೇ ಉಳ್ಕೊಳ್ಳುತ್ತೆ, ಅದೂ ಮೀಟಿದ ಹಾಗೇನೇ.

ಈಗ ನಿಮಗೆ ಒಂದು ಘಟನೆ ಹೇಳ್ಲೇಬೇಕು. ಗ್ಯಾರೇಜಿಗೆ ಬಂದ ಹೊಸ ಹುಡುಗ್ರಿಗೆಲ್ಲಾ ಮೊದಲ ದಿನ ಹೇಳೋ ಕತೆ ಇದು. ನಿವೃತ್ತ ಮೇಷ್ಟ್ರು ಒಬ್ರು, ಉದ್ದ ಡಿಕ್ಕಿಯ ಸೆಡಾನ್ ಕಾರು, ಜೊತೇಲಿ ಅವರ ಅಳಿಯ. ರೈಲು ಹಿಡಿಯೋಕೆ ಹೊರಟಿದ್ದೋರು, ಟಿಕೆಟ್ಟು ಬಟ್ಟೆ ಔಷಧಿ ಎಲ್ಲಾ ಡಿಕ್ಕಿಯಲ್ಲಿ, ಡಿಕ್ಕಿ ತೆರೀತಿಲ್ಲ. ನಾನು ಹೋಗಿ ನೋಡ್ತೀನಿ, ಅಳಿಯಂದ್ರು ಬೆವರು ಸುರಿಸ್ಕೊಂಡು ಅಂಚಿಗೆ ಸ್ಕ್ರೂಡ್ರೈವರ್ ಕೊಟ್ಟು ಮೇಲಕ್ಕೆ ಎತ್ತುತಾ ಇದಾರೆ, ಮೇಷ್ಟ್ರು ಒಳಗೆ ಕೂತು ಬಟನ್ ಒತ್ತುತಾ ಇದಾರೆ. ಬೆರಳುದ್ದ ಪೇಂಟ್ ಆಗಲೇ ಎದ್ದು ಬೂದು ಬಣ್ಣದ ಪ್ರೈಮರ್ ಕಾಣ್ತಾ ಇತ್ತು. ನಾನು ಸಾರ್ ಸ್ವಲ್ಪ ಕೈ ತೆಗೀರಿ ಅಂದೆ, ಅವ್ರು ಇನ್ನೇನು ಬಂದೇಬಿಡ್ತು ಅಂತಾರೆ. ಬರಲ್ಲ ಸಾರ್ ಅದು, ಮೇಷ್ಟ್ರೇ ಇನ್ನೊಂದ್ಸಲ ಬಟನ್ ಒತ್ತಿ ಅಂದೆ. ಕಿವಿ ಇಟ್ಟು ಕೇಳಿದೆ, ಒಳಗಿಂದ ಟಿಕ್ ಅಂತ ಸದ್ದು ಬಂತು. ಅಲ್ಲಿಗೆ ಅರ್ಧ ರೋಗ ಗೊತ್ತಾಯ್ತು ನೋಡಿ, ಸದ್ದು ಬರ್ತಿದೆ ಅಂದ್ರೆ ಕರೆಂಟ್ ಹೋಗ್ತಿದೆ, ಮೋಟಾರ್ ಜೀವಂತ ಇದೆ, ಪಾಪ ಅದು ಎಳೀತಿದೆ ಆದ್ರೆ ಆ ಚಿಕ್ಕ ತುಂಡು ಸರೀತಿಲ್ಲ. ಯಾಕೆ ಸರೀತಿಲ್ಲ? ಯಾವುದೋ ಒಂದು ಅದರ ಮೇಲೆ ಭಾರ ಹಾಕಿದೆ. ನಾನು ಲಾಕ್ ಇರೋ ಜಾಗದ ಮೇಲೆ ಎರಡೂ ಅಂಗೈ ಇಟ್ಟು ಮೈ ಭಾರ ಬಿಟ್ಟು ಮುಚ್ಚಳವನ್ನ ಕೆಳಕ್ಕೆ ಅದುಮಿದೆ. ಅಳಿಯಂದ್ರಿಗೆ ರೇಗಿಹೋಯ್ತು, ರೀ ತೆಗೀರಿ ಅಂತ ಕರ್ಕೊಂಡು ಬಂದ್ರೆ ಮುಚ್ತಾ ಇದೀರಲ್ರೀ ಅಂತ. ನಾನು ಮಾತಾಡ್ಲಿಲ್ಲ, ಮೇಷ್ಟ್ರೇ ಈಗ ಒತ್ತಿ ಅಂದೆ. ಟಕ್! ಮುಚ್ಚಳ ತಾನೇ ಮೇಲಕ್ಕೆ ಎದ್ದು ನಿಂತ್ಕೊಳ್ತು. ಒಳಗೆ ನೋಡಿದ್ರೆ ನೀಲಿ ಸೂಟ್‌ಕೇಸು, ಚಕ್ರ ಮೇಲಕ್ಕೆ ಮಾಡಿ ತುರುಕಿದಾರೆ, ಆ ಚಕ್ರ ಮುಚ್ಚಳವನ್ನ ಒಳಗಿಂದ ಮೇಲಕ್ಕೆ ನೂಕ್ತಾ ಇತ್ತು. ಒಳಗಿಂದ ಸೂಟ್‌ಕೇಸು ನೂಕೋದು, ಹೊರಗಿಂದ ಅಳಿಯಂದ್ರು ಎತ್ತೋದು, ಇಬ್ರೂ ಸೇರಿ ಕೊಕ್ಕೆಯನ್ನ ಆ ತುಂಡಿನ ಮೇಲೆ ಬಿಗಿದು ಹಾಕಿದ್ರು, ಅಷ್ಟು ಚಿಕ್ಕ ಮೋಟಾರ್ ಏನ್ ಮಾಡುತ್ತೆ. ಕೆಳಕ್ಕೆ ಅದುಮಿದ ಕೂಡಲೇ ಬಿಗಿ ಸಡಿಲ ಆಯ್ತು, ತುಂಡು ಸರೀತು. ಮೇಷ್ಟ್ರು ಇಳಿದು ಬಂದು ಕನ್ನಡಕ ಸರಿ ಮಾಡ್ಕೊಂಡು ಆ ಚಕ್ರ ನೋಡಿದ್ರು, ಎದ್ದಿರೋ ಪೇಂಟ್ ನೋಡಿದ್ರು, ಅಳಿಯಂದ್ರ ಮುಖ ನೋಡಿದ್ರು, ಒಂದು ಮಾತೂ ಆಡ್ಲಿಲ್ಲ. ರೈಲು ಸಿಕ್ತಂತೆ.

ಅದಕ್ಕೇ ಹೇಳೋದು ಮೀಟಬೇಡಿ, ಒತ್ತಿ. ಒಬ್ರು ಕೆಳಕ್ಕೆ ಒತ್ಲಿ, ಇನ್ನೊಬ್ರು ಬಟನ್ನೋ ಲಿವರೋ ಕೀಯೋ ಆಡಿಸ್ಲಿ. ಎರಡು ಮೂರು ಸಲ ಮಾಡಿ.

ಈ ಗಾಜಿನ ಆಚೆ ಕೂತಿರೋರು ಗಡಿಯಾರ ತೋರಿಸ್ತಾ ಇದಾರೆ, ಉಳಿದಿದ್ದು ಬೇಗ ಬೇಗ ಹೇಳ್ತೀನಿ.

ಟಿಕ್ ಅನ್ನೋ ಸದ್ದೇ ಬರ್ತಿಲ್ಲ ಅಂದ್ರೆ ಬಹುತೇಕ ಕರೆಂಟ್ ಹೋಗ್ತಿಲ್ಲ. ಮೊದಲು ಗ್ಲೋವ್ ಬಾಕ್ಸ್ ತೆಗೆದು ನೋಡಿ, ಕೆಲವು ಕಾರಲ್ಲಿ ಡಿಕ್ಕಿ ಬಟನ್ ಕೆಲಸ ಮಾಡದ ಹಾಗೆ ಮಾಡೋ ಸ್ವಿಚ್ ಅಲ್ಲಿರುತ್ತೆ, ಕಾರನ್ನ ಪಾರ್ಕಿಂಗ್ ಹುಡುಗನ ಕೈಗೆ ಕೊಟ್ಟಾಗ ಡಿಕ್ಕಿ ತೆಗೀಬಾರದು ಅಂತ ಇಟ್ಟಿರೋದು, ಮಕ್ಕಳು ಆಟ ಆಡ್ತಾ ಒತ್ತಿರ್ತಾರೆ. ಆಮೇಲೆ ಫ್ಯೂಸ್ ನೋಡಿ. ಅದೂ ಸರಿ ಇದ್ರೆ ಮುಚ್ಚಳ ತಿರುಗೋ ಕೀಲಿನ ಹತ್ರ ವೈರ್‌ಗಳು ರಬ್ಬರ್ ಕೊಳವೆಯೊಳಗೆ ಹಾದುಹೋಗಿರ್ತವೆ, ಪ್ರತಿ ಸಲ ಡಿಕ್ಕಿ ತೆಗೆದು ಹಾಕಿದಾಗ್ಲೂ ಅಲ್ಲೇ ಮಡಚ್ತಾವೆ, ಹಳೇ ಕಾರಾದ್ರೆ ಕೊನೆಗೆ ಅಲ್ಲೇ ಒಳಗೊಳಗೇ ತುಂಡಾಗ್ತಾವೆ. ನಂಬರ್ ಪ್ಲೇಟ್ ಲೈಟು ಹತ್ತಿ ಆರಿ ಮಾಡ್ತಿದ್ರೆ, ಹಿಂದಿನ ಕ್ಯಾಮೆರಾ ಮಿಣುಕ್ತಿದ್ರೆ ಇದೇ ರೋಗ ಅಂತ ಅನುಮಾನ ಪಡಿ.

ಕಾರಿನ ದೊಡ್ಡ ಬ್ಯಾಟರಿನೇ ಸತ್ತಿದ್ರೆ? ಅದು ಡಿಕ್ಕಿಯಲ್ಲೇ ಇದ್ರೆ? ನಗಬೇಡಿ, ಬಿಎಂಡಬ್ಲ್ಯೂದಲ್ಲಿ ಬಹಳಷ್ಟು ಕಾರುಗಳ ಬ್ಯಾಟರಿ ಹಿಂದೇನೇ ಇರೋದು. ಬ್ಯಾಟರಿ ಸತ್ತು ಡಿಕ್ಕಿ ತೆರೆಯಲ್ಲ, ಡಿಕ್ಕಿ ತೆರೆಯದೇ ಬ್ಯಾಟರಿ ಮುಟ್ಟೋ ಹಾಗಿಲ್ಲ. ಆದ್ರೆ ಮುಂದಿನ ಬಾನೆಟ್ ಒಳಗೆ ಪ್ಲಸ್ ಗುರುತಿನ ಮುಚ್ಚಳದ ಕೆಳಗೆ ಒಂದು ಟರ್ಮಿನಲ್ ಕೊಟ್ಟಿರ್ತಾರೆ, ಬೇರೆ 12 ವೋಲ್ಟ್ ಬ್ಯಾಟರಿಯಿಂದ ಪ್ಲಸ್ ಜಂಪ್ ಕೇಬಲ್‌ನ ಅಲ್ಲಿಗೆ, ಮೈನಸ್ ಕೇಬಲ್‌ನ ಬಾನೆಟ್ ಒಳಗೆ ಪೇಂಟ್ ಇಲ್ಲದ ಲೋಹಕ್ಕೆ ಕೊಟ್ರೆ ಸಾಕು, ಡಿಕ್ಕಿಗೆ ಜೀವ ಬರುತ್ತೆ.

ಇದ್ಯಾವುದೂ ಆಗ್ಲಿಲ್ಲ ಅಂದ್ರೆ ಒಳಗಿಂದ ಹೋಗಿ. ಹಿಂದಿನ ಸೀಟಿನ ಬೆನ್ನು ಮಡಚಿ, ಭುಜದ ಹತ್ರ ಲಿವರ್ ಇರುತ್ತೆ ಇಲ್ಲಾ ಪಟ್ಟಿ ಇರುತ್ತೆ. ಕೆಲವು ಕಾರಲ್ಲಿ ಆ ಪಟ್ಟಿ ಡಿಕ್ಕಿ ಒಳಗೇ ಇಟ್ಟಿರ್ತಾರೆ, ಯಾವ ಪುಣ್ಯಾತ್ಮ ಹಾಗೆ ಮಾಡಿದ್ನೋ ಗೊತ್ತಿಲ್ಲ. ಆಗ ಮಧ್ಯದ ಕೈಯಿಡೋ ದಿಂಬು ಕೆಳಗಿಳಿಸಿ ನೋಡಿ, ಅದರ ಹಿಂದೆ ಚಿಕ್ಕ ಬಾಗಿಲಿದ್ರೆ ಅಲ್ಲಿಂದ ಕೈ ತೂರಿಸಬಹುದು. ಟಾರ್ಚ್ ಹಿಡ್ಕೊಂಡು ಮುಚ್ಚಳದ ಒಳಮೈ ನೋಡಿ. ಹ್ಯಾಚ್‌ಬ್ಯಾಕ್ ಆದ್ರೆ ಹಿಂಬಾಗಿಲಿನ ಒಳಗಡೆ ಲಾಕ್ ಹತ್ರ ಬೆರಳುಗಲದ ಪ್ಲಾಸ್ಟಿಕ್ ಮುಚ್ಚಳ ಇರುತ್ತೆ, ಅದನ್ನ ಕಿತ್ತು ಒಳಗಿನ ಚಿಕ್ಕ ಲಿವರ್‌ನ ಸ್ಕ್ರೂಡ್ರೈವರ್‌ನಿಂದ ಸರಿಸಿ. ಹಾ, ಸ್ಕ್ರೂಡ್ರೈವರ್‌ಗೆ ಇಲ್ಲಿ ಮಾತ್ರ ಕೆಲಸ, ಇಲ್ಲೂ ಸರಿಸೋದೇ, ಮೀಟೋದಲ್ಲ.

ಸೆಡಾನ್ ಆದ್ರೆ ಕತ್ತಲಲ್ಲಿ ಹೊಳೆಯೋ ಹಿಡಿಕೆ ಒಂದು ನೇತಾಡ್ತಿರಬಹುದು, ಎಳೀರಿ, ತೆರೆಯುತ್ತೆ. ಆ ಹಿಡಿಕೆ ಸಾಮಾನಿಗೆ ಅಂತ ಇಟ್ಟಿದ್ದಲ್ಲ. 1998ರ ಬೇಸಿಗೆಯಲ್ಲಿ ಅಮೆರಿಕದಲ್ಲಿ ಆಟ ಆಡ್ತಾ ಡಿಕ್ಕಿ ಒಳಗೆ ಸಿಕ್ಕಾಕ್ಕೊಂಡು 11 ಮಕ್ಕಳು ಸತ್ತುಹೋದ್ರು. ಅದಕ್ಕೂ ಮೊದಲು 1995ರಲ್ಲಿ ಜಾನೆಟ್ ಫೆನ್ನೆಲ್ ಅನ್ನೋ ಹೆಂಗಸನ್ನ ಗಂಡನ ಸಮೇತ ಕಳ್ಳರು ಅವರದ್ದೇ ಕಾರಿನ ಡಿಕ್ಕಿಗೆ ಹಾಕಿ ಲಾಕ್ ಮಾಡಿದ್ರು, ಅವ್ರು ಒಳಗಿನ ಹೊದಿಕೆ ಕಿತ್ತು ಡಿಕ್ಕಿ ತೆರೆಯೋ ಕೇಬಲ್ ಹುಡುಕಿ ಎಳೆದು ಹೊರಗೆ ಬಂದ್ರು. ಬಂದೋರು ಸುಮ್ಮನಿರದೇ ಪ್ರತಿ ಕಾರಲ್ಲೂ ಒಳಗಿಂದ ತೆಗೆಯೋ ಹಿಡಿಕೆ ಬೇಕು ಅಂತ ವರ್ಷಾನುಗಟ್ಟಲೆ ಓಡಾಡಿದ್ರು. 2001ರ ಸೆಪ್ಟೆಂಬರಿಂದ ಅಲ್ಲಿ ಮಾರೋ ಡಿಕ್ಕಿ ಇರೋ ಹೊಸ ಕಾರುಗಳಿಗೆಲ್ಲಾ ಅದು ಕಡ್ಡಾಯ ಆಯ್ತು. ಎಲ್ಲಾ ದೇಶದ ಕಾರಲ್ಲೂ ಅದು ಇರಲ್ಲ, ನಿಮ್ಮ ಕಾರಲ್ಲಿ ಇದೆಯಾ ಅಂತ ಡಿಕ್ಕಿ ಚೆನ್ನಾಗಿ ತೆರೀತಿರೋವಾಗ್ಲೇ ನೋಡಿಟ್ಕೊಳ್ಳಿ.

ಮಗು ಒಳಗೆ ಸಿಕ್ಕಾಕ್ಕೊಂಡಿದ್ರೆ ಮಾತ್ರ ನಾನು ಇಷ್ಟೊತ್ತು ಹೇಳಿದ್ದೆಲ್ಲಾ ಬಿಟ್ಟುಬಿಡಿ. ತುರ್ತು ಸೇವೆಗೆ ಫೋನ್ ಮಾಡಿ, ಅವ್ರು ಬರೋವರೆಗೂ ಕಾಯಬೇಡಿ, ಪಕ್ಕದ ಗಾಜು ಒಡೀರಿ, ಸೀಟು ಕೀಳಿ, ಹಾರೆ ಇದ್ರೆ ಹಾರೆ ಹಾಕಿ. ಪೇಂಟ್ ಆಮೇಲೆ ನೋಡ್ಕೊಳ್ಳೋಣ.

ಸಮಯ ಆಯ್ತಂತೆ. ನಮಸ್ಕಾರ.