ಹ್ಯಾಂಬರ್ಗ್‌ನ ಫಾತಿಹ್ ಅಕಿನ್

ಕೇಳುಗರಿಗೆಲ್ಲ ನಮಸ್ಕಾರ. ಇವತ್ತು ಫಾತಿಹ್ ಅಕಿನ್ ಅನ್ನೋ ಡೈರೆಕ್ಟರ್ ಬಗ್ಗೆ ಒಂದಿಷ್ಟು ಮಾತಾಡ್ತೀನಿ. ಹುಟ್ಟಿದ್ದು ಜರ್ಮನಿಯ ಹ್ಯಾಂಬರ್ಗ್‌ನಲ್ಲಿ, ಅಪ್ಪ ಅಮ್ಮ ಟರ್ಕಿಯವರು. 1961ರಲ್ಲಿ ಆಗಿನ ಪಶ್ಚಿಮ ಜರ್ಮನಿ ಕೆಲಸಕ್ಕೆ ಜನ ಸಾಲ್ತಿಲ್ಲ ಅಂತ ಟರ್ಕಿ ಜೊತೆ ಒಪ್ಪಂದ ಮಾಡ್ಕೊಂಡು ಆಳುಗಳನ್ನ ಕರೆಸ್ಕೊಳ್ತು, ಒಂದಷ್ಟು ದಿನ ದುಡಿದು ವಾಪಸ್ ಹೋಗ್ತಾರೆ ಅನ್ನೋದು ಸರ್ಕಾರದ ಲೆಕ್ಕ, ಬಂದೋರ ಲೆಕ್ಕಾನೂ ಅದೇ. ಎಷ್ಟೋ ಜನ ಹೋಗ್ಲೇ ಇಲ್ಲ, ಸಂಸಾರ ಕರೆಸ್ಕೊಂಡ್ರು, ಮಕ್ಕಳು ಅಲ್ಲೇ ಹುಟ್ಟಿದ್ವು. 1973ರಲ್ಲಿ ಜರ್ಮನಿ ಹಂಗೆ ಕರೆಸೋದನ್ನ ನಿಲ್ಲಿಸ್ತು, ಅಕಿನ್ ಹುಟ್ಟಿದ್ದೂ ಅದೇ ವರ್ಷ.

ಇಂಥ ಮಕ್ಕಳ ಕಥೆ ಅಂದ್ರೆ ಅಯ್ಯೋ ಪಾಪ ಅನ್ನಿಸೋ ಸಿನಿಮಾನೇ ಜಾಸ್ತಿ. ಅಕಿನ್ ಆ ತಂಟೆಗೇ ಹೋಗಲ್ಲ. 2004ರ 'ಹೆಡ್-ಆನ್' ನೋಡಿ, ಬರ್ಲಿನ್ ಫಿಲ್ಮ್ ಫೆಸ್ಟಿವಲ್‌ನಲ್ಲಿ ಅಲ್ಲಿನ ದೊಡ್ಡ ಪ್ರಶಸ್ತಿ ಗೋಲ್ಡನ್ ಬೇರ್ ಗೆದ್ದಿದ್ದು. ಸಿಬೆಲ್ ಅನ್ನೋ ಹುಡುಗಿಗೆ ಮನೆಯಿಂದ ಬಿಡುಗಡೆ ಬೇಕು, ಟರ್ಕಿ ಹುಡುಗನಾದ್ರೆ ಮನೇಲಿ ಒಪ್ತಾರೆ ಅಂತ ಜಾಹಿತ್ ಅನ್ನೋ ಕುಡುಕನ್ನ, ಕಾರನ್ನ ಬೇಕಂತಲೇ ಗೋಡೆಗೆ ಗುದ್ದಿ ಆಸ್ಪತ್ರೆ ಸೇರಿದೋನನ್ನ, ನನ್ನ ಮದ್ವೆ ಆಗು ಅಂತ ಪೀಡಿಸ್ತಾಳೆ. ತಮಾಷೆ ಏನಂದ್ರೆ ಅವನಲ್ಲಿ ಟರ್ಕಿ ಅಂತ ಉಳಿದಿರೋದು ಹೆಸರೊಂದೇ, ಟರ್ಕಿಶ್ ಮಾತಾಡಿದ್ರೆ ಭಾವಮೈದ ಮುಖ ಕಿವಿಚ್ತಾನೆ! ಕೊನೆಗೆ ಇಬ್ರೂ ಇಸ್ತಾಂಬುಲ್ ಸೇರ್ತಾರೆ, ಅಲ್ಲೂ ನೆಮ್ಮದಿ ಇಲ್ಲ, ಟ್ಯಾಕ್ಸಿ ಡ್ರೈವರ್ ನೋಡಿದ್ರೆ ಅವ್ನೂ ಜರ್ಮನಿಯಲ್ಲಿ ಬೆಳೆದೋನೇ. ನಿಮ್ಮೂರಿಗೆ ಹೋಗಿ ಅಂತ ಬೈತಾರಲ್ಲ, ಆ ಊರು ಈ ಮಕ್ಕಳಿಗೆ ರಜಕ್ಕೆ ಹೋಗ್ಬರೋ ಜಾಗ ಅಷ್ಟೇ. ಮುಂಬಯಿಯಲ್ಲಿ, ಗಲ್ಫ್‌ನಲ್ಲಿ ಬೆಳೆದ ನಮ್ಮ ಕರಾವಳಿ ಮಕ್ಕಳನ್ನ ಕೇಳಿದ್ರೂ ಇದನ್ನೇ ಹೇಳ್ಬಹುದು.

ಆ ಸಿನಿಮಾದ ಮಧ್ಯೆ ಮಧ್ಯೆ ಇಸ್ತಾಂಬುಲ್‌ನ ನೀರಿನ ದಡದಲ್ಲಿ ಒಂದು ವಾದ್ಯದ ತಂಡ ಜಮಖಾನ ಹಾಸ್ಕೊಂಡು ಹಾಡುತ್ತೆ, ಅದ್ರಲ್ಲಿ ಕ್ಲಾರಿನೆಟ್ ಊದೋದು ಸೆಲಿಮ್ ಸೆಸ್ಲರ್, ಇವರೆಲ್ಲ ನಮ್ಮ ಯಕ್ಷಗಾನದ ಭಾಗವತರ ಥರ ಕಥೆಯ ಹೊರಗೆ ಕೂತೇ ಕಥೆ ನಡೆಸ್ತಾರೆ. ಹ್ಯಾಂಬರ್ಗ್ ಬಾರಿನ ರಾಕ್ ಮ್ಯೂಸಿಕ್ಕು ಒಂದ್ಕಡೆ, ಇದೊಂದ್ಕಡೆ, ಎರಡನ್ನೂ ಬೆರೆಸೋಕೆ ಹೋಗಿಲ್ಲ, ಪಕ್ಕಪಕ್ಕ ಬಿಟ್ಟಿದಾನೆ. ನಂಗೆ ಇಷ್ಟ ಆಗಿದ್ದೇ ಅದು.

2007ರ 'ದಿ ಎಡ್ಜ್ ಆಫ್ ಹೆವನ್'ಗೆ ಫ್ರಾನ್ಸಿನ ಕಾನ್ ಫಿಲ್ಮ್ ಫೆಸ್ಟಿವಲ್‌ನಲ್ಲಿ ಚಿತ್ರಕಥೆಯ ಪ್ರಶಸ್ತಿ ಬಂತು. ಜರ್ಮನಿಯಿಂದ ಒಂದು ಶವಪೆಟ್ಟಿಗೆ ಇಸ್ತಾಂಬುಲ್‌ಗೆ ಬಂದಿಳಿಯುತ್ತೆ, ಆಮೇಲೆ ಇನ್ನೊಂದು ಅಲ್ಲಿಂದ ಜರ್ಮನಿಗೆ ಹೊರಡುತ್ತೆ, ಒಬ್ಳು ಟರ್ಕಿಯವಳು, ಒಬ್ಳು ಜರ್ಮನ್. ಜರ್ಮನಿಯಲ್ಲಿ ಜರ್ಮನ್ ಸಾಹಿತ್ಯ ಪಾಠ ಮಾಡ್ತಿದ್ದ ಟರ್ಕಿ ಮೂಲದ ಮೇಷ್ಟ್ರು ಇಸ್ತಾಂಬುಲ್‌ಗೆ ಹೋಗಿ ಅಲ್ಲಿ ಜರ್ಮನ್ ಪುಸ್ತಕದಂಗಡಿ ಕೊಂಡ್ಕೊಳ್ತಾನೆ. ಕಾಕತಾಳೀಯ ಸ್ವಲ್ಪ ಜಾಸ್ತಿನೇ ಆಯ್ತು ಅನ್ಸುತ್ತೆ, ಆದ್ರೂ ಮಗಳನ್ನ ಕಳ್ಕೊಂಡ ತಾಯಿಯಾಗಿ ಹಾನಾ ಶಿಗುಲಾ ಮಾಡಿರೋ ಪಾತ್ರ ನೋಡ್ತಾ ಆ ದೂರೆಲ್ಲ ಮರ್ತೇಹೋಗುತ್ತೆ.

ಇಷ್ಟೊಂದು ಸಾವುನೋವು ಬೇಡಪ್ಪ ಅನ್ನೋರು 2009ರ 'ಸೋಲ್ ಕಿಚನ್'ನಿಂದ ಶುರು ಮಾಡಿ. ಹ್ಯಾಂಬರ್ಗ್‌ದೇ ಕಥೆ, ಹೀರೋ ಈ ಸಲ ಗ್ರೀಕ್ ಮೂಲದೋನು, ಹೋಟ್ಲು ನಡೆಸ್ತಾನೆ, ಸಿನಿಮಾ ಪೂರ್ತಿ ಸೊಂಟನೋವು!