ಅಪ್ಪನ ಕೆಲಸ ಯಾರಿಗೆ?

ಕೇಳುಗರೆಲ್ಲರಿಗೂ ನಮಸ್ಕಾರ. ಇವತ್ತು ಅನುಕಂಪದ ಕೆಲಸದ ಬಗ್ಗೆ ಮಾತಾಡೋಣ ಅಂತ ಬಂದಿದೀನಿ. ಸರ್ಕಾರಿ ನೌಕರರು ಸರ್ವೀಸಲ್ಲಿ ಇರುವಾಗ್ಲೇ ತೀರಿಕೊಂಡ್ರೆ ಅವರ ಮನೆಯವರಲ್ಲಿ ಒಬ್ಬರಿಗೆ ಕೊಡ್ತಾರಲ್ಲ, ಅದು. ರಿಟೈರ್ ಆದ್ಮೇಲೆ ಹೋದವರ ಮಕ್ಕಳಿಗೆ ಇದಿಲ್ಲ, ಅದನ್ನ ಮೊದಲೇ ಹೇಳಿಬಿಡ್ತೀನಿ, ಯಾಕಂದ್ರೆ ತುಂಬಾ ಜನ ಆ ಆಸೆ ಇಟ್ಕೊಂಡು ಆಫೀಸಿಗೆ ಅಲೀತಾರೆ.

ನಮ್ಮ ಕಡೆ ಏನಾಗುತ್ತೆ ಅಂದ್ರೆ ತಿಥಿ ಮುಗಿಯೋಕೆ ಮುಂಚೆನೇ ಮನೇಲಿ ಪಿಸಪಿಸ ಶುರು, ಅಪ್ಪನ ಕೆಲಸ ಯಾರಿಗೆ ಅಂತ. ದೊಡ್ಡವನು ನಾನು ಹಿರೀಮಗ ಅಂತಾನೆ, ಚಿಕ್ಕವನು ಡಿಗ್ರಿ ಮಾಡಿರೋದು ನಾನು ಅಂತಾನೆ, ಮೂಲೇಲಿ ಕೂತಿರೋ ಅಳಿಯಂದ್ರು ನಮ್ಮವಳೂ ಮಗಳೇ ಅಲ್ವಾ ಅಂತ ಮೆಲ್ಲಗೆ ಒಂದು ಮಾತು ಬಿಡ್ತಾರೆ, ಒಟ್ನಲ್ಲಿ ಜಮೀನು ಭಾಗ ಮಾಡೋ ಹಾಗೇ ಕೆಲಸಾನೂ ಪಾಲಿಗೆ ಇಟ್ಕೊಂಡು ಕೂರ್ತಾರೆ. ಅದು ಪಾಲಿಗೆ ಬರೋ ಆಸ್ತಿ ಅಲ್ಲ ಸ್ವಾಮಿ. 1994ರಲ್ಲೇ ಹರಿಯಾಣದ ಒಂದು ಕೇಸಲ್ಲಿ ಸುಪ್ರೀಂ ಕೋರ್ಟು ಇದನ್ನ ಸ್ಪಷ್ಟವಾಗಿ ಹೇಳಿದೆ, ದುಡಿಯೋರು ಹಠಾತ್ತಾಗಿ ಹೋದಾಗ ಆ ಮನೆ ಆ ಕಷ್ಟದಿಂದ ದಾಟಲಿ ಅಂತ ಮಾತ್ರ ಇದು ಇರೋದು, ಹೋದವರಿದ್ದ ಹುದ್ದೆಯನ್ನೇ ಕೊಡ್ಬೇಕು ಅಂತ ಏನಿಲ್ಲ. ಹಾಗಾಗಿ ಅಪ್ಪ ದೊಡ್ಡ ಆಫೀಸರ್ ಆಗಿದ್ರೂ ಮಗನಿಗೆ ಸಿಗೋದು ಎಸ್‌ಡಿಎ (ದ್ವಿತೀಯ ದರ್ಜೆ ಸಹಾಯಕ) ಥರದ ಸಿ ಗ್ರೂಪ್ ಅಥವಾ ಡಿ ಗ್ರೂಪ್ ಕೆಲಸಾನೇ.

ಈ ಜಗಳದಲ್ಲಿ ಕೈತಪ್ಪೋದು ಟೈಮು. ನಮ್ಮ ರಾಜ್ಯದಲ್ಲಿ ಇದಕ್ಕೆ 1996ರ ನಿಯಮಗಳಿವೆ, ಅದರಲ್ಲಿ ಸಾವಾದ ಒಂದು ವರ್ಷದೊಳಗೆ ಅರ್ಜಿ ಹಾಕ್ಬೇಕು ಅಂತ ಬರೆದಿದ್ದಾರೆ. ಮಗ ಇನ್ನೂ ಚಿಕ್ಕವನು, ಹದಿನೆಂಟಾಗಲಿ ಆಮೇಲೆ ಹಾಕಿದ್ರಾಯ್ತು ಅಂತ ಕೂತವರು ಎಷ್ಟೋ ಜನ. ಮೊದಲು ಅದಕ್ಕೆ ಅವಕಾಶ ಇತ್ತು, 1999ರಲ್ಲಿ ನಿಯಮ ಬದಲಾಯ್ತು, ಹಂಗೆ ದೊಡ್ಡವರಾದ್ಮೇಲೆ ಅರ್ಜಿ ಹಾಕಿ ಕೆಲಸಕ್ಕೆ ಸೇರಿದ್ದವರನ್ನೂ ಆಮೇಲೆ ತೆಗೆದುಹಾಕಿದ್ರು, 2020ರಲ್ಲಿ ಸುಪ್ರೀಂ ಕೋರ್ಟು ತೆಗೆದಿದ್ದೇ ಸರಿ ಅಂತು. ಕಾನೂನಿನ ಲೆಕ್ಕದಲ್ಲಿ ಅದು ಸರಿನೇ ಇರಬಹುದು, ಆದ್ರೆ ಸಂಬಳ ತಗೊಳ್ತಾ ಇದ್ದ ಹುಡುಗನ್ನ ಮನೆಗೆ ಕಳ್ಸೋದು ಅಂದ್ರೆ ನನಗಂತೂ ಹೊಟ್ಟೆ ಉರಿಯುತ್ತೆ. ಅದಕ್ಕೇ ತಾಯಿಗೆ ವಯಸ್ಸು, ಓದು ಇದ್ರೆ ತಾಯಿ ಹೆಸರಲ್ಲೇ ಹಾಕೋದನ್ನ ಮೊದಲು ಯೋಚ್ನೆ ಮಾಡಿ.

ಹೆಣ್ಮಕ್ಕಳ ವಿಷಯ ಸ್ವಲ್ಪ ವಿವರವಾಗಿ ಹೇಳ್ತೀನಿ. ಮಂಡ್ಯದ ಖಜಾನೆ ಕಚೇರೀಲಿ ಎಸ್‌ಡಿಎ ಆಗಿದ್ದ ತಾಯಿ 2012ರ ಮಾರ್ಚಲ್ಲಿ ತೀರಿಕೊಂಡ್ರು. ಮಗಳಿಗೆ ಮದುವೆ ಆಗಿತ್ತು, ಅದೇ ಸೆಪ್ಟೆಂಬರಲ್ಲಿ ಡೈವೋರ್ಸಿಗೆ ಹಾಕಿದ್ರು, 2013ರ ಮಾರ್ಚಲ್ಲಿ ಡಿಕ್ರಿ ಆಯ್ತು, ಮಾರನೇ ದಿನಾನೇ ಅನುಕಂಪದ ಅರ್ಜಿ ಕೊಟ್ರು. ಹೈಕೋರ್ಟು ಪರಿಗಣಿಸಿ ಅಂತು, 2021ರಲ್ಲಿ ಸುಪ್ರೀಂ ಕೋರ್ಟು ಅದನ್ನ ರದ್ದು ಮಾಡ್ತು, ತಾಯಿ ಹೋದ ದಿನ ನೀವು ಗಂಡನ ಮನೆಯವರು, ಆಗಿನ ನಿಯಮದಲ್ಲಿ ಡೈವೋರ್ಸ್ ಆದ ಮಗಳು ಇರಲೇ ಇಲ್ಲ ಅಂತ. ತಮಾಷೆ ಏನಂದ್ರೆ ಅದೇ 2021ರಲ್ಲಿ ನಿಯಮಕ್ಕೆ ತಿದ್ದುಪಡಿ ಬಂದು ಡೈವೋರ್ಸ್ ಆದ ಮಗಳೂ ಸೇರಿದ್ಲು. ಅದಕ್ಕಿಂತ ಸ್ವಲ್ಪ ಮುಂಚೆ, 2020ರ ಡಿಸೆಂಬರಲ್ಲಿ, ಮದುವೆಯಾದ ಮಗನಿಗೆ ಇಲ್ಲದ ಅಡ್ಡಿ ಮದುವೆಯಾದ ಮಗಳಿಗೆ ಯಾಕೆ ಅಂತ ನಮ್ಮ ಹೈಕೋರ್ಟೇ ಕೇಳಿತ್ತು. ಆದ್ರೆ ಮಗಳು ಅನ್ನೋದೊಂದೇ ಸಾಲದು, ಅವಲಂಬಿತರು ಅಂತ ತೋರಿಸ್ಬೇಕು.

ಎರಡನೇ ಹೆಂಡತಿಯ ಮಕ್ಕಳಿಗೆ ಸಿಗುತ್ತಾ ಅಂತಾನೂ ಕೇಳ್ತಾರೆ. ರೈಲ್ವೆ ಕೇಸೊಂದರಲ್ಲಿ 2018ರಲ್ಲಿ ಸುಪ್ರೀಂ ಕೋರ್ಟು, ಆ ಒಂದೇ ಕಾರಣಕ್ಕೆ ಮಕ್ಕಳನ್ನ ಹೊರಗಿಡೋ ಹಾಗಿಲ್ಲ ಅಂದಿದೆ. ಕೇಂದ್ರದ ಲೆಕ್ಕ ಬೇರೆ ಬಿಡಿ, ಅಲ್ಲಿ ಗ್ರೂಪ್ ಸಿ ನೇರ ನೇಮಕಾತಿ ಖಾಲಿ ಹುದ್ದೆಗಳಲ್ಲಿ ನೂರಕ್ಕೆ 5 ಮಾತ್ರ ಇದಕ್ಕೆ, ಹಾಗಾಗಿ ಕ್ಯೂ ಉದ್ದ. ಅಲ್ಲಿ ಕೆಲಸ ಸಿಕ್ಕೋರು ಉಳಿದವರನ್ನ ಸಾಕ್ತೀನಿ ಅಂತ ಮುಚ್ಚಳಿಕೆ ಬರೆದುಕೊಡ್ಬೇಕು, ಸಾಕದಿದ್ರೆ ಕೆಲಸಕ್ಕೇ ಕುತ್ತು. ನೌಕರಿ ಬಂದ ಮೇಲೆ ತಾಯೀನ ಮರೆಯೋ ಮಗರಾಯಂದ್ರು ಕೇಳಿಸ್ಕೊಳ್ಳಿ.

ಬರೀ ಮನೆಯವರನ್ನ ಬೈದ್ರೆ ಆಗಲ್ಲ, ಇಲಾಖೆಯವರಿಗೂ ಒಂದು ಮಾತು. ನಿಮ್ಮ ಜೊತೇಲೇ ಕೂತು ಕೆಲಸ ಮಾಡಿದವರ ಹೆಂಡತಿ ಬಂದು ನಿಂತಾಗ ಒಂದು ಸಲ ಡೆತ್ ಸರ್ಟಿಫಿಕೇಟ್, ಇನ್ನೊಂದು ಸಲ ವಂಶವೃಕ್ಷ, ಮತ್ತೊಂದು ಸಲ ಉಳಿದವರ ಒಪ್ಪಿಗೆ ಪತ್ರ ಅಂತ ಬಿಡಿಬಿಡಿಯಾಗಿ ಕೇಳಿ ಓಡಾಡಿಸ್ಬೇಡಿ, ಮೊದಲನೇ ದಿನಾನೇ ಒಂದು ಹಾಳೇಲಿ ಪೂರ್ತಿ ಬರೆದು ಕೊಡಿ. ಅರ್ಜಿ ಪೂರ್ತಿಯಾಗಿ ಕೈಸೇರಿದ ಆರು ತಿಂಗಳೊಳಗೆ ತೀರ್ಮಾನ ಆಗ್ಬೇಕು ಅಂತ 2022ರಲ್ಲಿ ಒಡಿಶಾ ಕೇಸಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ.

ಮನೆಯವರು ಕೂಡ ಯಾರಿಗೆ ಕೆಲಸ ಅಂತ ಒಪ್ಪಂದ ಆಗ್ಲಿ ಅಂತ ಕಾಯದೆ ಮೊದಲು ಅರ್ಜಿ ಬರೆದು, ಟಪಾಲು ಸೆಕ್ಷನ್ನಲ್ಲಿ ಕೊಟ್ಟು, ನಿಮ್ಮ ಕಾಪಿ ಮೇಲೆ ತಾರೀಕಿನ ಸೀಲು, ಇನ್‌ವರ್ಡ್ ನಂಬರು ಹಾಕಿಸಿಕೊಂಡೇ ಬನ್ನಿ. ಸಾಹೇಬರ ಕೈಗೇ ಕೊಟ್ಟಿದೀನಿ ಅನ್ನೋ ಮಾತು ನಾಳೆ ಕೋರ್ಟಲ್ಲಿ ನಿಲ್ಲಲ್ಲ. ಬರ್ತೀನಿ, ನಮಸ್ಕಾರ.