ಆ ಕಾಲು ಯಾರದ್ದು ಸ್ವಾಮಿ?

ಎಲ್ಲರಿಗೂ ನಮಸ್ಕಾರ. ಡೊಂಬಿವಲಿಯಿಂದ ಮಾತಾಡುತ್ತಿದ್ದೇನೆ, ಇವತ್ತು ಸಿಟ್ಟು ಜಾಸ್ತಿಯೇ ಇದೆ.

ಹೋದ ಸಂಚಿಕೆಗೆ ಒಬ್ಬರು ಬರೆದಿದ್ದಾರೆ: "ಮೇಡಂ, ಸಿನಿಮಾದ ಬ್ಯಾಲೆ ಎಲ್ಲ ಕ್ಯಾಮೆರಾ ಕೈಚಳಕ." ಕೈಚಳಕವಾ? ಸರಿ, ಕಾಲು ಯಾರದ್ದು ಹೇಳಿ.

ನನ್ನ ಅಕ್ಕನ ಮಗಳು ಹೋದ ವರ್ಷ ಗೋರೆಗಾಂವಿನ ಒಂದು ಸೆಟ್ಟಿನಲ್ಲಿ ನಾಯಕಿಯ ಬದಲಿಗೆ, ಡಬಲ್ ಆಗಿ ಬ್ಯಾಲೆ ಕುಣಿದಳು. ಬ್ಯಾಲೆಗೆ ಸ್ವಲ್ಪ ಪುಟಿಯುವ ಮರದ ನೆಲ ಬೇಕು, ಇಲ್ಲದಿದ್ದರೆ ಹಾರಿ ಇಳಿದ ಪೆಟ್ಟೆಲ್ಲ ಮೊಣಕಾಲಿಗೇ. ಅಲ್ಲಿದ್ದದ್ದು ಸಿಮೆಂಟು. 18 ಟೇಕ್! ದಾದರ್‌ನಲ್ಲಿ ಗಾಡಿ ಬದಲಿಸಿ ಕೊನೇ ಲೋಕಲ್ ಹಿಡಿದು ಮನೆಗೆ ಬಂದಾಗ ಹೆಬ್ಬೆರಳಿನ ಪಟ್ಟಿ ಚರ್ಮಕ್ಕೇ ಅಂಟಿತ್ತು. "ಎಳೀಬೇಡಿ ಚಿಕ್ಕಮ್ಮಾ, ಮೊದಲು ಬಿಸಿನೀರು ಹಾಕಿ" ಅಂದಳು. ಬ್ಯಾಲೆಯವರು ಬೆರಳ ತುದಿಯಲ್ಲಿ ನಿಂತು ಕುಣಿಯುತ್ತಾರಲ್ಲ, ಆ ಶೂವಿನ ತುದಿಯಲ್ಲಿ ಮರ ಇರುತ್ತದೆ ಅಂದುಕೊಂಡಿದ್ದೀರಾ? ಬಟ್ಟೆ, ಕಾಗದ, ಅಂಟು, ಅಷ್ಟೇ. ಬೆವರಿಗೆ ಮೆತ್ತಗಾಗುತ್ತದೆ. ಹಾಡು ಬಂತು, ನೋಡಿದೆವು. ನಾಯಕಿಯ ಮುಖ, ಕೈ, ಮತ್ತೆ ಮುಖ. ಇವಳ ಪಾದ ಕಣ್ಣು ಮಿಟುಕಿಸುವಷ್ಟು. ಹೆಸರಂತೂ ಇಲ್ಲವೇ ಇಲ್ಲ.

2010ರ ಬ್ಯಾಲೆ ಸಿನಿಮಾ 'ಬ್ಲ್ಯಾಕ್ ಸ್ವಾನ್' ನೋಡಿದ್ದೀರಲ್ವಾ? ನಟಾಲಿ ಪೋರ್ಟ್‌ಮನ್‌ಗೆ ಆಸ್ಕರ್ ಬಂತು, ಅವರೂ ಕಷ್ಟಪಟ್ಟು ಕಲಿತರು, ಇಲ್ಲ ಅನ್ನುವುದಿಲ್ಲ. ಆದರೆ ಅಮೆರಿಕನ್ ಬ್ಯಾಲೆ ಥಿಯೇಟರ್ ತಂಡದ ನರ್ತಕಿ ಸಾರಾ ಲೇನ್ ಕುಣಿದ ಶಾಟ್‌ಗಳಿಗೆ ಕಂಪ್ಯೂಟರಿನಲ್ಲಿ ಪೋರ್ಟ್‌ಮನ್ ಮುಖ ಅಂಟಿಸಿದರು. ಎಷ್ಟು ಕುಣಿತ ಯಾರದ್ದು ಅಂತ ಆಮೇಲೆ ದೊಡ್ಡ ಜಗಳ. ಮತ್ತೆ ಅದೇ ಕೇಳುತ್ತೇನೆ, ಕಾಲು ಯಾರದ್ದು? ಯಾರ ಕಾಲೋ ಅವರನ್ನೇ ಪಾತ್ರಕ್ಕೆ ಹಾಕಿ!

"ಡ್ಯಾನ್ಸರ್‌ಗಳಿಗೆ ನಟನೆ ಬರಲ್ಲ" ಅಂತೀರಾ? ಸುಮ್ನಿರಿ. 1948ರ 'ದಿ ರೆಡ್ ಶೂಸ್' ನಾಯಕಿ ಮೊಯಿರಾ ಶಿಯರರ್ ಲಂಡನ್ನಿನ ಸ್ಯಾಡ್ಲರ್ಸ್ ವೆಲ್ಸ್ ಬ್ಯಾಲೆ ತಂಡದ ನರ್ತಕಿ. ಬ್ಯಾಲೆ ನರ್ತಕ ಮಿಖಾಯಿಲ್ ಬರಿಶ್ನಿಕೋವ್ ತಮ್ಮ ಮೊದಲ ಹಾಲಿವುಡ್ ಸಿನಿಮಾ, 1977ರ 'ದಿ ಟರ್ನಿಂಗ್ ಪಾಯಿಂಟ್'ಗೇ ಆಸ್ಕರ್ ನಾಮನಿರ್ದೇಶನ ಪಡೆದರು. ಅಷ್ಟು ದೂರ ಯಾಕೆ, ನಮ್ಮ ಮುಂಬಯಿಯ ಬ್ಯಾಲೆ ನರ್ತಕ ಮನೀಶ್ ಚೌಹಾಣ್, ಟ್ಯಾಕ್ಸಿ ಓಡಿಸುವವರ ಮಗ. 2020ರಲ್ಲಿ 'ಯೇ ಬ್ಯಾಲೆ' ಸಿನಿಮಾದಲ್ಲಿ ತನ್ನದೇ ಕಥೆಯ ಪಾತ್ರವನ್ನು ತಾನೇ ಮಾಡಿದ. ಅಲ್ಲಿ ಕಾಲು ಯಾರದ್ದು ಅಂತ ಯಾರೂ ಕೇಳಬೇಕಾಗಿಲ್ಲ.

"ಮುಖದ ಭಾವ ಮುಖ್ಯ" ಅಂತ ಇನ್ನೊಬ್ಬರು. ಹೌದಾ? ಮಾಟುಂಗಾದಲ್ಲಿ ಯಕ್ಷಗಾನ ನೋಡಲು ಹೋಗಿ ಕೂತಿದ್ದೀರಿ, ವೇಷಧಾರಿ ಧೀಂಗಿಣ ಹಾಕುವಾಗ ಯಾರೋ ಅಡ್ಡ ಪರದೆ ಹಿಡಿದು ಬರೀ ಕಿರೀಟ ತೋರಿಸಿದರೆ ಸುಮ್ಮನಿರುತ್ತೀರಾ? ಇಲ್ಲ ತಾನೇ! ಹಾಗಾದರೆ ಬ್ಯಾಲೆಗೆ ಮಾತ್ರ ಯಾಕೆ ಈ ಅನ್ಯಾಯ?

ಬಜೆಟ್ ಇಲ್ಲ, ಮಾರ್ಕೆಟ್ ಇಲ್ಲ ಅಂತ ಮತ್ತೆ ಬರೆಯಬೇಡಿ, ನಾನು ಓದುವುದಿಲ್ಲ. ಕಾಲು ತೋರಿಸಿ, ಹೆಸರು ಹಾಕಿ. ಅಷ್ಟೇ!

ಇನ್ನೂ ಸಬ್‌ಸ್ಕ್ರೈಬ್ ಆಗದವರು ಆಗಿ, ಬೆಲ್ ಒತ್ತಿ. ಯಾಕೆಂದರೆ ಭಾನುವಾರ ಅಕ್ಕನ ಮಗಳ ವಿಡಿಯೊ ಹಾಕುತ್ತೇನೆ. ಮರದ ನೆಲ, ಒಂದೇ ಶಾಟ್, ಅಡಿಯಿಂದ ಮುಡಿವರೆಗೆ. ಕೆಳಗೆ ದಪ್ಪ ಅಕ್ಷರದಲ್ಲಿ ಅವಳ ಹೆಸರು.